ಸತ್ತವರನ್ನು ‘ನೀನು’ ಎಂದು ಕರೆಯುವ ಕಾದಂಬರಿಗಳು: ಹಾನ್ ಕಾಂಗ್ ಅವರ ಬದುಕು, ಬರಹ

1980ರ ದಶಕದ ಮೊದಲ ವರ್ಷಗಳಲ್ಲಿ, ದಕ್ಷಿಣ ಕೊರಿಯಾದ ರಾಜಧಾನಿ ಸೋಲ್‌ನ ಒಂದು ಮನೆಯಲ್ಲಿ, ಕಪಾಟಿನ ಪುಸ್ತಕಗಳ ನಡುವೆ ಒಂದನ್ನು ಮಾತ್ರ ಬೆನ್ನು ಒಳಮುಖವಾಗುವಂತೆ ತಿರುಗಿಸಿ ಇಡಲಾಗಿತ್ತು. ಹೆಸರು ಕಾಣದಂತೆ ಇಟ್ಟ ಪುಸ್ತಕಕ್ಕೇ ಮಕ್ಕಳ ಕೈ ಮೊದಲು ಹೋಗುವುದು ಎಲ್ಲ ಮನೆಗಳಲ್ಲೂ ಇರುವ ಸಂಗತಿ. ಆ ಮನೆಯ ಹನ್ನೆರಡು ವರ್ಷದ ಮಗಳು ಅದನ್ನು ಹೊರತೆಗೆದು, ಯಾರಿಗೂ ಹೇಳದೆ ಪುಟ ತಿರುವಿದಳು. ಅದು 1980ರ ಮೇ ತಿಂಗಳಲ್ಲಿ ಗ್ವಾಂಗ್ಜು ನಗರದಲ್ಲಿ ಸೈನಿಕರು ಕೊಂದ ನಾಗರಿಕರ ಛಾಯಾಚಿತ್ರಗಳ ಸಂಪುಟ; ನಡೆದದ್ದನ್ನು ಸರ್ಕಾರ ಮುಚ್ಚಿಟ್ಟಿದ್ದ ಕಾಲದಲ್ಲಿ, ಬದುಕುಳಿದವರೂ ಸತ್ತವರ ಮನೆಯವರೂ ಸೇರಿ ಗುಟ್ಟಾಗಿ ಅಚ್ಚು ಹಾಕಿಸಿ ಹಂಚಿದ್ದ ಪುಸ್ತಕ. ಗುರುತು ಸಿಗದಷ್ಟು ವಿರೂಪಗೊಂಡ ಶವಗಳ ಚಿತ್ರಗಳು ಅದರಲ್ಲಿದ್ದವು. ಅದೇ ಪುಸ್ತಕದ ಇನ್ನೊಂದು ಪುಟದಲ್ಲಿ, ಗುಂಡೇಟು ತಿಂದವರಿಗೆ ರಕ್ತ ಕೊಡಲು ಆಸ್ಪತ್ರೆಯ ಮುಂದೆ ಜನ ಉದ್ದಕ್ಕೆ ಸಾಲುಗಟ್ಟಿ ನಿಂತ ಚಿತ್ರವೂ ಇತ್ತು. ಕೊಂದವರೂ ಮನುಷ್ಯರು, ಸಾಲಿನಲ್ಲಿ ನಿಂತವರೂ ಮನುಷ್ಯರು. ಈ ಎರಡು ಚಿತ್ರಗಳನ್ನು ಒಂದೇ ಮನಸ್ಸಿನಲ್ಲಿ ಇಟ್ಟುಕೊಳ್ಳುವುದು ಹೇಗೆಂದು ಆ ಹುಡುಗಿಗೆ ತಿಳಿಯಲಿಲ್ಲ. ಮುಂದೆ ಬರೆದ ಕಾದಂಬರಿಗಳೆಲ್ಲ ಒಂದಲ್ಲ ಒಂದು ರೀತಿಯಲ್ಲಿ ಆ ತಿಳಿಯದಿರುವಿಕೆಯಿಂದಲೇ ಹುಟ್ಟಿದವು.

ಆ ಹುಡುಗಿ ಹಾನ್ ಕಾಂಗ್. 2024ರ ಅಕ್ಟೋಬರ್ 10ರಂದು ಅವರಿಗೆ ಸಾಹಿತ್ಯದ ನೊಬೆಲ್ ಪ್ರಶಸ್ತಿ ಘೋಷಣೆಯಾಯಿತು. ಸಾಹಿತ್ಯಕ್ಕಾಗಿ ಈ ಪ್ರಶಸ್ತಿ ಪಡೆದ ಮೊದಲ ಕೊರಿಯನ್ನರೂ ಏಷ್ಯಾದ ಮೊದಲ ಮಹಿಳೆಯೂ ಅವರೇ. ಕೊರಿಯನ್ನರಲ್ಲಿ ಮನೆತನದ ಹೆಸರು ಮೊದಲು ಬರುವುದರಿಂದ ‘ಹಾನ್’ ಎಂಬುದು ಕುಲನಾಮ, ‘ಕಾಂಗ್’ ಎಂಬುದು ಅವರ ಹೆಸರು. ಕಾಂಗ್ ಎಂದರೆ ನದಿ. ಸೋಲ್ ನಗರದ ನಡುವೆ ಹರಿಯುವ ಹೊಳೆಗೂ ಕೊರಿಯನ್ನಿನಲ್ಲಿ ಇದೇ ಹೆಸರು, ಇದೇ ಉಚ್ಚಾರ.

ಅವರ ಪುಸ್ತಕಗಳನ್ನು ಬಿಡಿಬಿಡಿಯಾಗಿ ಓದಿದವರಿಗೆ ಒಂದು ಗೊಂದಲ ಸಹಜವಾಗಿ ಬರುತ್ತದೆ. ಒಂದರಲ್ಲಿ ಮಾಂಸ ಬಿಟ್ಟ ಗೃಹಿಣಿ ಕಡೆಗೆ ಅನ್ನವನ್ನೂ ಬಿಟ್ಟು ಮರವಾಗಲು ಹೊರಡುತ್ತಾಳೆ. ಇನ್ನೊಂದರಲ್ಲಿ ಸೈನ್ಯ ನಡೆಸಿದ ಹತ್ಯಾಕಾಂಡವಿದೆ. ಮತ್ತೊಂದರಲ್ಲಿ ಹುಟ್ಟಿದ ಎರಡೇ ಗಂಟೆಗಳಲ್ಲಿ ತೀರಿಕೊಂಡ ಕೂಸಿನ ನೆನಪು, ಮಗದೊಂದರಲ್ಲಿ ಹಿಮದಲ್ಲಿ ಮುಳುಗಿದ ದ್ವೀಪ. ಇವೆಲ್ಲ ಒಬ್ಬರೇ ಬರೆದದ್ದೆಂದು ನಂಬಿಸುವ ದಾರ ಯಾವುದು? ಹಿಂಸೆಯ ವಿರೋಧ ಎಂದೋ ಕಾವ್ಯಮಯ ಗದ್ಯ ಎಂದೋ ಹೇಳಿಬಿಡುವುದು ಸುಲಭ, ತಪ್ಪೂ ಅಲ್ಲ. ಆದರೆ ಆ ಮಾತು ನೂರು ಲೇಖಕರಿಗೆ ಹೊಂದುತ್ತದೆ. ನನ್ನ ಮಟ್ಟಿಗೆ ಅವರ ಬರಹದ ಬೀಗದಕೈ ಇರುವುದು ಸರ್ವನಾಮಗಳಲ್ಲಿ. ನೊಂದವರ ಬಗ್ಗೆ ಮಾತಾಡುವವರು ಯಾರು, ಅವರನ್ನು ‘ಅವಳು’ ಎನ್ನುತ್ತಾರೋ ‘ನೀನು’ ಎನ್ನುತ್ತಾರೋ, ನೊಂದವರಿಗೆ ‘ನಾನು’ ಎನ್ನುವ ಹಕ್ಕು ಸಿಗುತ್ತದೋ ಇಲ್ಲವೋ ಎಂಬುದನ್ನು ಹಿಡಿದು ಹೊರಟರೆ ಬೇರೆ ಬೇರೆಯಾಗಿ ಕಾಣುವ ಈ ಪುಸ್ತಕಗಳು ಒಂದೇ ಬರಹದ ಭಾಗಗಳಾಗಿ ತೆರೆದುಕೊಳ್ಳುತ್ತವೆ.

ಹಾನ್ ಕಾಂಗ್ ಹುಟ್ಟಿದ್ದು 1970ರ ನವೆಂಬರ್ 27ರಂದು, ಅದೇ ಗ್ವಾಂಗ್ಜುವಿನಲ್ಲಿ. ತಂದೆ ಹಾನ್ ಸುಂಗ್-ವೊನ್ ಕೂಡ ಹೆಸರಾಂತ ಕಾದಂಬರಿಕಾರರು. 1980ರ ಜನವರಿಯಲ್ಲಿ ಕುಟುಂಬ ಊರು ಬಿಟ್ಟು ಸೋಲ್‌ಗೆ ಬಂತು. ನಾಲ್ಕೇ ತಿಂಗಳಿಗೆ ಗ್ವಾಂಗ್ಜುವಿನಲ್ಲಿ ಗುಂಡಿನ ಸದ್ದು ಕೇಳಿತು. ಯಾವ ಮುನ್ಸೂಚನೆಯೂ ಇಲ್ಲದೆ, ಕೇವಲ ಮನೆ ಬದಲಿಸಿದ್ದರಿಂದ ತಾವು ಉಳಿದೆವು, ತಮ್ಮ ಜಾಗದಲ್ಲಿ ಬೇರೆಯವರು ಹೋದರು ಎಂಬ ಅಳುಕು ಆ ಮನೆಯನ್ನು ಬಿಡಲಿಲ್ಲ. ಅವರ ಬರಹದಲ್ಲಿ ಉಳಿದವರ ಋಣಭಾರ ಅಷ್ಟು ಗಾಢವಾಗಿರುವುದಕ್ಕೆ ಇದೇ ಮೂಲ.

ಗ್ವಾಂಗ್ಜುವಿನಲ್ಲಿ ನಡೆದದ್ದನ್ನು ಸ್ವಲ್ಪ ವಿವರವಾಗಿ ತಿಳಿಯದಿದ್ದರೆ ಮುಂದಿನದು ಅರ್ಥವಾಗದು. ಹದಿನೆಂಟು ವರ್ಷ ದೇಶವನ್ನು ಬಿಗಿಮುಷ್ಟಿಯಲ್ಲಿ ಹಿಡಿದಿದ್ದ ಪಾರ್ಕ್ ಚುಂಗ್-ಹೀ 1979ರ ಅಕ್ಟೋಬರ್‌ನಲ್ಲಿ ತಮ್ಮದೇ ಗುಪ್ತಚರ ಮುಖ್ಯಸ್ಥನ ಗುಂಡಿಗೆ ಬಲಿಯಾದರು. ಪ್ರಜಾಪ್ರಭುತ್ವ ಬಂದೀತೆಂದು ಜನ ಕಾಯುತ್ತಿರುವಾಗಲೇ ಡಿಸೆಂಬರ್‌ನಲ್ಲಿ ಚುನ್ ಡೂ-ಹ್ವಾನ್ ಎಂಬ ಸೇನಾಧಿಕಾರಿ ಸೈನ್ಯದ ಹಿಡಿತ ಕಸಿದುಕೊಂಡ. 1980ರ ಮೇ 17ರ ರಾತ್ರಿ ಸೇನಾಡಳಿತವನ್ನು ಇಡೀ ದೇಶಕ್ಕೆ ವಿಸ್ತರಿಸಲಾಯಿತು. ಮರುದಿನ ಗ್ವಾಂಗ್ಜುವಿನ ವಿಶ್ವವಿದ್ಯಾಲಯದ ಗೇಟಿನ ಮುಂದೆ ಪ್ರತಿಭಟಿಸಿದ ವಿದ್ಯಾರ್ಥಿಗಳ ಮೇಲೆ ಪ್ಯಾರಾಟ್ರೂಪರ್‌ಗಳು ದೊಣ್ಣೆ, ಬಯೋನೆಟ್ಟುಗಳೊಂದಿಗೆ ಎರಗಿದರು. ಅದನ್ನು ನೋಡಿದ ಊರಿಗೆ ಊರೇ ಬೀದಿಗಿಳಿಯಿತು. 21ರಂದು ಪ್ರಾಂತೀಯ ಆಡಳಿತ ಕಚೇರಿಯ ಮುಂದೆ ನೆರೆದ ಜನರ ಮೇಲೆ ಸೈನ್ಯ ಗುಂಡು ಹಾರಿಸಿತು. ಜನರೂ ಬಂದೂಕು ಹಿಡಿದರು. ಸೈನ್ಯ ಊರಾಚೆಗೆ ಸರಿಯಿತು. ಮುಂದಿನ ಕೆಲವು ದಿನ ನಗರವನ್ನು ನಾಗರಿಕರೇ ನಡೆಸಿದರು. ಅನ್ನ ಬೇಯಿಸಿ ಹಂಚಿದರು, ರಕ್ತ ಕೊಟ್ಟರು, ಶವಗಳನ್ನು ತೊಳೆದು ಸಾಲಾಗಿ ಮಲಗಿಸಿದರು. ಸೈನ್ಯ ಮರಳಿ ಬರುತ್ತದೆಂದು ಗೊತ್ತಿದ್ದೂ ಕೆಲವರು ಆ ಕಚೇರಿಯನ್ನು ಬಿಟ್ಟು ಹೋಗಲಿಲ್ಲ. 27ರ ಬೆಳಗಿನ ಜಾವ ಸೈನ್ಯ ಬಂತು. ಸತ್ತವರ ಲೆಕ್ಕ ಇಂದಿಗೂ ವಿವಾದದ್ದೇ.

ಆದರೆ ಹಾನ್ ಕಾಂಗ್ ಈ ವಸ್ತುವಿಗೆ ನೇರವಾಗಿ ಬರಲಿಲ್ಲ. ಬರಲು ಮೂವತ್ತು ವರ್ಷ ಬೇಕಾಯಿತು. ಯೊನ್ಸೆ ವಿಶ್ವವಿದ್ಯಾಲಯದಲ್ಲಿ ಕೊರಿಯನ್ ಸಾಹಿತ್ಯ ಓದಿದರು. 1993ರಲ್ಲಿ ಮೊದಲು ಪ್ರಕಟವಾದದ್ದು ಕವಿತೆಗಳು. ಮರುವರ್ಷ ಸೋಲ್‌ನ ಪತ್ರಿಕೆಯೊಂದರ ಹೊಸವರ್ಷದ ಕಥಾಸ್ಪರ್ಧೆಯಲ್ಲಿ ಗೆದ್ದರು. ಕೊರಿಯಾದಲ್ಲಿ ಹೊಸ ಲೇಖಕರು ಸಾಹಿತ್ಯ ಲೋಕಕ್ಕೆ ಕಾಲಿಡುವ ರೂಢಿಯ ಹೆಬ್ಬಾಗಿಲು ಈ ಪತ್ರಿಕಾ ಸ್ಪರ್ಧೆಗಳೇ. 1995ರಲ್ಲಿ ಮೊದಲ ಕಥಾಸಂಕಲನ, 1998ರಲ್ಲಿ ಮೊದಲ ಕಾದಂಬರಿ. ಮೊದಲು ಕವಿಯಾಗಿದ್ದರು ಎಂಬುದನ್ನು ನೆನಪಿನಲ್ಲಿಡಬೇಕು. ಅವರ ಗದ್ಯದಲ್ಲಿ ಕಥೆಗಿಂತ ಚಿತ್ರವೇ ಮುಂದೆ ನಿಂತು ದಾರಿ ತೋರುವುದು ಅದರಿಂದ.

ಲೋಕಕ್ಕೆ ಅವರ ಹೆಸರು ತಲುಪಿಸಿದ್ದು 2007ರ ‘ಸಸ್ಯಾಹಾರಿ’. ಕನ್ನಡದ ಓದುಗರಿಗೆ ಇಲ್ಲೊಂದು ಎಚ್ಚರಿಕೆ ಬೇಕು. ಸಸ್ಯಾಹಾರ ಎಂದ ಕೂಡಲೇ ನಮ್ಮ ಮನಸ್ಸಿಗೆ ಜಾತಿ, ಮಡಿ, ಮಠ, ಬಾಡಿಗೆ ಮನೆ ಕೊಡುವವರ ಪ್ರಶ್ನೆ ಇವೆಲ್ಲ ಒಟ್ಟಿಗೆ ಬರುತ್ತವೆ. ಈ ಕಾದಂಬರಿಗೆ ಅದ್ಯಾವುದೂ ಇಲ್ಲ. ಕಚೇರಿಯ ಊಟಕ್ಕೂ ನೆಂಟರ ಊಟಕ್ಕೂ ಮಾಂಸವೇ ಕೇಂದ್ರವಾಗಿರುವ ಸಮಾಜದಲ್ಲಿ ‘ನಾನು ತಿನ್ನುವುದಿಲ್ಲ’ ಎಂದ ಹೆಂಗಸು ಮಡಿವಂತಳಾಗಿ ಕಾಣುವುದಿಲ್ಲ, ಹಟಮಾರಿಯಾಗಿ ಕಾಣುತ್ತಾಳೆ. ಮೂಲದ ಶೀರ್ಷಿಕೆಯನ್ನು ಬಿಡಿಸಿದರೆ ‘ಸಸ್ಯಾಹಾರ-ವಾದಿ’ ಎಂದಾಗುತ್ತದೆ. ಅದರಲ್ಲಿ ಒಂದು ಸಿದ್ಧಾಂತದ ವಾಸನೆ ಇದೆ. ನಾಯಕಿ ಯೊಂಗ್-ಹ್ಯೇಗಾದರೋ ಯಾವ ವಾದವೂ ಇಲ್ಲ. ಯಾಕೆ ಎಂದು ಕೇಳಿದವರಿಗೆ ಅವಳ ಉತ್ತರ ಒಂದೇ: ಕನಸು ಬಿತ್ತು.

ಈ ಕಾದಂಬರಿ ಮೂರು ಭಾಗಗಳಲ್ಲಿದೆ. ಮೊದಲನೆಯದನ್ನು ಹೇಳುವವನು ಗಂಡ. ಯಾವುದರಲ್ಲೂ ಎದ್ದು ಕಾಣದ ಹೆಂಗಸೆಂಬ ಕಾರಣಕ್ಕೇ ಅವಳನ್ನು ಮದುವೆಯಾದವನು. ಎರಡನೆಯದರಲ್ಲಿ ಅವಳನ್ನು ನೋಡುವ ಕಣ್ಣು ಅಕ್ಕನ ಗಂಡನದು. ವಿಡಿಯೊ ಕಲಾವಿದನಾದ ಅವನಿಗೆ ಅವಳ ಮೈಮೇಲಿನ ಹುಟ್ಟುಮಚ್ಚೆ ಒಂದು ಗೀಳಾಗುತ್ತದೆ. ಮೂರನೆಯದು ಅಕ್ಕ ಇನ್-ಹ್ಯೇಯದು. ಅಂಗಡಿ, ಮಗು, ಮುರಿದ ಮದುವೆ ಎಲ್ಲವನ್ನೂ ಹೊತ್ತುಕೊಂಡು ಮಾನಸಿಕ ಚಿಕಿತ್ಸಾಲಯದಲ್ಲಿರುವ ತಂಗಿಯನ್ನು ನೋಡಲು ಬಸ್ಸಿನಲ್ಲಿ ಹೋಗಿಬರುವವಳು. ಮೂರೂ ಭಾಗಗಳು ಯೊಂಗ್-ಹ್ಯೇಯ ಕುರಿತೇ ಇವೆ, ಒಂದೂ ಅವಳದಲ್ಲ. ಅವಳಿಗೆ ‘ನಾನು’ ಎನ್ನಲು ಸಿಗುವುದು ಮೊದಲ ಭಾಗದ ನಡುನಡುವೆ ಬರುವ ಕನಸಿನ ತುಣುಕುಗಳಲ್ಲಿ ಮಾತ್ರ. ಅಲ್ಲೊಂದು ನೆನಪಿದೆ. ಬಾಲ್ಯದಲ್ಲಿ ಅವಳನ್ನು ಮನೆಯ ನಾಯಿ ಕಚ್ಚಿತ್ತು. ಅಪ್ಪ ಅದನ್ನು ಮೋಟಾರ್ ಸೈಕಲ್ಲಿಗೆ ಕಟ್ಟಿ ಊರು ಸುತ್ತಿಸಿ, ಓಡಿಸಿ ಓಡಿಸಿ ಕೊಂದ. ಸಂಜೆ ಅದೇ ನಾಯಿಯ ಅಡುಗೆಯನ್ನು ಎಲ್ಲರೊಂದಿಗೆ ಕೂತು ಅವಳೂ ಉಂಡಳು. ಅಪ್ಪ ವಿಯೆಟ್ನಾಂ ಯುದ್ಧಕ್ಕೆ ಹೋಗಿಬಂದವನು, ಅದನ್ನು ಹೆಮ್ಮೆಯಿಂದ ಹೇಳಿಕೊಳ್ಳುವವನು ಎಂಬ ವಿವರವನ್ನು ಲೇಖಕಿ ಒತ್ತು ಕೊಡದೆ ಹಾಗೇ ಹೇಳಿ ಮುಂದೆ ಹೋಗುತ್ತಾರೆ. ಮುಂದೊಂದು ದಿನ ಮನೆಮಂದಿಯ ಊಟದಲ್ಲಿ ಆ ಅಪ್ಪ, ಮದುವೆಯಾದ ಮಗಳ ಕೆನ್ನೆಗೆ ಬಾರಿಸಿ, ಕೈ ಹಿಡಿಸಿ, ಬಾಯಿಗೆ ಬಲವಂತವಾಗಿ ಮಾಂಸ ತುರುಕುತ್ತಾನೆ. ಅವಳು ಚಾಕು ಎತ್ತಿಕೊಂಡು ಕೊಯ್ದುಕೊಳ್ಳುವುದು ತನ್ನ ಕೈಯನ್ನೇ. ಯುದ್ಧ, ನಾಯಿ, ಊಟದ ಮೇಜು: ಹಿಂಸೆ ಒಂದರಿಂದ ಇನ್ನೊಂದಕ್ಕೆ ದಾಟಿಬರುವ ದಾರಿ ಇಷ್ಟೇ ಸಣ್ಣದು ಎಂದು ಕಾಣಿಸಿದ ಮೇಲೆ, ಮಾಂಸ ಬಿಡುವುದು ಅವಳಿಗೆ ಪಥ್ಯವಾಗಿ ಉಳಿಯುವುದಿಲ್ಲ, ಮನುಷ್ಯ ಕುಲದಿಂದಲೇ ಹೊರನಡೆಯುವ ಯತ್ನವಾಗುತ್ತದೆ. ಕೊನೆಯಲ್ಲಿ ಅವಳು ತಲೆ ಕೆಳಗೆ ಮಾಡಿ ನಿಲ್ಲುತ್ತಾಳೆ, ಕೈಗಳು ಬೇರಾಗಿ ನೆಲಕ್ಕಿಳಿಯಲಿ ಎಂದು.

ಗಿಡವಾಗುವ ಈ ಕಲ್ಪನೆ ಹಳೆಯದು. 1997ರ ಸಣ್ಣಕಥೆಯೊಂದರಲ್ಲಿ ಹೆಂಡತಿ ನಿಜಕ್ಕೂ ಗಿಡವಾಗುತ್ತಾಳೆ, ಗಂಡ ಅವಳನ್ನು ಕುಂಡದಲ್ಲಿ ನೆಟ್ಟು ನೀರು ಹಾಕುತ್ತಾನೆ. ಜಪಾನಿ ಆಳ್ವಿಕೆಯ ಕಾಲದ ಲೇಖಕ ಯಿ ಸಾಂಗ್, ಮನುಷ್ಯರು ಗಿಡಗಳಾಗಬೇಕು ಎಂಬರ್ಥದ ಒಂದು ಸಾಲು ಬರೆದಿಟ್ಟಿದ್ದರು. ವಿದ್ಯಾರ್ಥಿಯಾಗಿದ್ದಾಗ ಓದಿದ ಆ ಸಾಲು ಹಾನ್ ಕಾಂಗ್ ಅವರನ್ನು ಬಿಡದೆ ಕಾಡಿತ್ತು. ‘ಸಸ್ಯಾಹಾರಿ’ಯ ಎರಡನೆಯ ಭಾಗಕ್ಕೆ 2005ರಲ್ಲಿ ದೊರೆತದ್ದು ಅದೇ ಯಿ ಸಾಂಗ್ ಹೆಸರಿನ ಪ್ರಶಸ್ತಿ, ಲೇಖಕಿಯ ತಂದೆಗೆ 1988ರಲ್ಲೇ ಅದು ಬಂದಿತ್ತು. ಪ್ರಶಸ್ತಿ ಬಂದದ್ದು ಎರಡನೆಯ ಭಾಗಕ್ಕಾದರೂ ನನಗೆ ಕಾದಂಬರಿಯ ಜೀವ ಇರುವುದು ಮೂರನೆಯದರಲ್ಲಿ. ಗಂಡನೂ ಭಾವನೂ ಯೊಂಗ್-ಹ್ಯೇಯನ್ನು ತಮಗೆ ಬೇಕಾದಂತೆ ನೋಡುತ್ತಾರೆ. ಅಕ್ಕ ಒಬ್ಬಳೇ ನೋಡುತ್ತ ನೋಡುತ್ತ ತನ್ನನ್ನೂ ಕಾಣತೊಡಗುತ್ತಾಳೆ.

2015ರಲ್ಲಿ ಡೆಬೊರಾ ಸ್ಮಿತ್ ಅವರ ಇಂಗ್ಲಿಷ್ ಅನುವಾದ ಬಂತು. 2016ರಲ್ಲಿ ಅದಕ್ಕೆ ಮ್ಯಾನ್ ಬುಕರ್ ಅಂತಾರಾಷ್ಟ್ರೀಯ ಪ್ರಶಸ್ತಿ ದೊರೆತು, 50,000 ಪೌಂಡುಗಳನ್ನು ಲೇಖಕಿಯೂ ಅನುವಾದಕಿಯೂ ಸಮನಾಗಿ ಹಂಚಿಕೊಂಡರು. ಅನುವಾದಕಿ ಕೊರಿಯನ್ ಕಲಿಯತೊಡಗಿ ಹೆಚ್ಚು ವರ್ಷಗಳಾಗಿರಲಿಲ್ಲ. ಪ್ರಶಸ್ತಿಯ ಬೆನ್ನಲ್ಲೇ ಕೊರಿಯನ್ ವಿಮರ್ಶಕರು ಮೂಲವನ್ನು ಪಕ್ಕದಲ್ಲಿಟ್ಟುಕೊಂಡು ತಪ್ಪುಗಳನ್ನು ಎಣಿಸಿದರು. ಕೊರಿಯನ್ನಿನಲ್ಲಿ ‘ಬಾಲ್’ ಎಂದರೆ ಕಾಲು, ‘ಪಾಲ್’ ಎಂದರೆ ತೋಳು. ಅನುವಾದದಲ್ಲಿ ಒಂದು ಕಾಲು ತೋಳಾಗಿತ್ತು. ಇದು ನಗುವ ತಪ್ಪು. ಇದಕ್ಕಿಂತ ಗಂಭೀರವಾದದ್ದು, ಒಬ್ಬರ ಮಾತನ್ನೋ ಕೆಲಸವನ್ನೋ ಇನ್ನೊಬ್ಬರಿಗೆ ಹಚ್ಚಿದ್ದು.

ಅದು ಹೇಗಾಯಿತೆಂಬುದನ್ನು ಕನ್ನಡಿಗರಿಗೆ ತಿಳಿಸುವುದು ಇಂಗ್ಲಿಷಿನವರಿಗೆ ತಿಳಿಸುವುದಕ್ಕಿಂತ ಸುಲಭ. ಕೊರಿಯನ್ ವಾಕ್ಯದಲ್ಲೂ ನಮ್ಮ ಹಾಗೆ ಕ್ರಿಯಾಪದ ಕೊನೆಗೆ ಬರುತ್ತದೆ. ನಮ್ಮ ಹಾಗೆಯೇ ಕರ್ತೃಪದವನ್ನು ಬಿಟ್ಟು ಮಾತಾಡುವುದು ಅಲ್ಲಿ ಸಹಜ. ಆದರೆ ನಾವು ‘ಬಂದಳು’ ಎಂದರೆ ಬಂದವರು ಹೆಂಗಸು, ಒಬ್ಬಳು, ನಾನೂ ಅಲ್ಲ ನೀನೂ ಅಲ್ಲ ಎಂಬುದೆಲ್ಲ ಆ ‘-ಅಳು’ ಪ್ರತ್ಯಯದಲ್ಲೇ ಇದೆ. ಕೊರಿಯನ್ನಿನ ‘ವಾತ್ತಾ’ ಎಂಬ ಕ್ರಿಯಾಪದ ‘ಬರುವಿಕೆ ಆಯಿತು’ ಎಂದಷ್ಟೇ ಹೇಳುತ್ತದೆ; ಬಂದದ್ದು ನಾನೋ ಅವಳೋ ಅವರೋ ಎಂಬುದನ್ನು ಹಿಂದುಮುಂದಿನ ಮಾತಿನಿಂದ ಹಿಡಿಯಬೇಕು. ಇಂಗ್ಲಿಷಿನಲ್ಲಾದರೆ ಪ್ರತಿ ವಾಕ್ಯಕ್ಕೂ ಒಬ್ಬ ಕರ್ತೃವನ್ನು ಕೂಡಿಸಲೇಬೇಕು. ‘ಯಾರು’ ಎಂಬುದನ್ನು ಬೇಕೆಂದೇ ತೆರೆದಿಟ್ಟು ಬರೆಯುವ ಲೇಖಕಿಯ ಕೃತಿಯಲ್ಲಿ ಅನುವಾದಕರು ಎಡವುವುದಾದರೆ ಇಲ್ಲಿಯೇ ಎಡವಬೇಕು. ಅನುವಾದದ ಧಾಟಿ ಮೂಲಕ್ಕಿಂತ ಅಲಂಕೃತವಾಯಿತೆಂಬ ಆಕ್ಷೇಪವೂ ಬಂತು. ಮೂಲದ ಗದ್ಯ ಸಂಯಮದ್ದು, ತಣ್ಣನೆಯದು. ಹಾನ್ ಕಾಂಗ್ ಮಾತ್ರ ಅನುವಾದಕಿಯ ಕೈಬಿಡಲಿಲ್ಲ. ತಪ್ಪುಗಳು ಮುಂದಿನ ಮುದ್ರಣಗಳಲ್ಲಿ ತಿದ್ದಲ್ಪಟ್ಟವು.

2011ರ ‘ಗ್ರೀಕ್ ಪಾಠಗಳು’ ಮಾತು ಕಳೆದುಕೊಂಡ ಹೆಂಗಸೊಬ್ಬಳು, ದೃಷ್ಟಿ ಕಳೆದುಕೊಳ್ಳುತ್ತಿರುವ ಮೇಷ್ಟ್ರೊಬ್ಬರು ಪ್ರಾಚೀನ ಗ್ರೀಕ್ ಎಂಬ ಸತ್ತ ಭಾಷೆಯ ತರಗತಿಯಲ್ಲಿ ಭೇಟಿಯಾಗುವ ಕಥೆ. ಅವಳು ಅವರ ಅಂಗೈ ಮೇಲೆ ಬೆರಳಿನಿಂದ ಬರೆಯುತ್ತಾಳೆ. ಹಾನ್ ಕಾಂಗ್ ಅವರ ಪುಸ್ತಕಗಳಲ್ಲಿ ಅತ್ಯಂತ ಮೆದುವಾದದ್ದು ಇದು. ಹತ್ಯಾಕಾಂಡದಿಂದ ಆರಂಭಿಸಲು ಹಿಂಜರಿಯುವವರು ಇದರಿಂದ ಆರಂಭಿಸಬಹುದು.

ಅನಂತರ ಒಂದು ಬೆಳಕಿನ ಕಾದಂಬರಿ, ಬದುಕನ್ನು ಅಪ್ಪಿಕೊಳ್ಳುವ ಕಾದಂಬರಿ ಬರೆಯಬೇಕೆಂದು ಅವರು 2012ರಲ್ಲಿ ಕೂತರು, ಆಗಲಿಲ್ಲ. ಮನುಷ್ಯರ ಮೇಲಿನ ನಂಬಿಕೆಯೇ ಅಲುಗಾಡಿರುವಾಗ ಬದುಕನ್ನು ಅಪ್ಪಿಕೊಳ್ಳುವುದು ಹೇಗೆ ಎಂದು ಹಿಂದೆ ಹೋಗುತ್ತ ಹೋದರೆ, ಕಡೆಗೆ ಸಿಕ್ಕಿದ್ದು ಕಪಾಟಿನಲ್ಲಿ ತಿರುಗಿಸಿಟ್ಟಿದ್ದ ಆ ಪುಸ್ತಕ. ಗ್ವಾಂಗ್ಜುವಿನ ಸಮಾಧಿಗಳಿಗೆ ಹೋಗಿಬಂದರು. 900ಕ್ಕೂ ಹೆಚ್ಚು ಜನರ ಸಾಕ್ಷ್ಯಗಳ ಸಂಪುಟವೊಂದನ್ನು ತಂದುಕೊಂಡು, ದಿನಕ್ಕೆ ಒಂಬತ್ತು ಗಂಟೆಯಂತೆ ಒಂದು ತಿಂಗಳು ಓದಿ ಮುಗಿಸಿದರು. ಇಪ್ಪತ್ತರ ಹರೆಯದಲ್ಲಿ, ಹೊಸ ದಿನಚರಿ ತೆರೆದಾಗಲೆಲ್ಲ ಮೊದಲ ಪುಟದಲ್ಲಿ ಅವರು ಎರಡು ಪ್ರಶ್ನೆಗಳನ್ನು ಬರೆದುಕೊಳ್ಳುತ್ತಿದ್ದರಂತೆ: ವರ್ತಮಾನವು ಭೂತಕಾಲಕ್ಕೆ ನೆರವಾದೀತೇ, ಬದುಕಿರುವವರು ಸತ್ತವರನ್ನು ಉಳಿಸಿಯಾರೇ? ಸಾಕ್ಷ್ಯಗಳನ್ನು ಓದುತ್ತ ಇದು ಆಗದ ಮಾತೆಂದು ಕೈಚೆಲ್ಲುವ ಹೊತ್ತಿಗೆ, ಕೊನೆಯ ರಾತ್ರಿ ಹಿಂದೆ ಉಳಿದು ಸತ್ತ ಯುವಕನೊಬ್ಬನ ದಿನಚರಿ ಸಿಕ್ಕಿತು. ರಾತ್ರಿಶಾಲೆಯಲ್ಲಿ ಪಾಠ ಹೇಳುತ್ತಿದ್ದ ಆ ಸಂಕೋಚದ ಹುಡುಗ ದೇವರನ್ನು ಕೇಳಿದ್ದ, ಚುಚ್ಚಿ ನೋಯಿಸುವ ಈ ಆತ್ಮಸಾಕ್ಷಿಯನ್ನು ನನಗೇಕೆ ಕೊಟ್ಟೆ, ನನಗೆ ಬದುಕಬೇಕೆಂದಿದೆ ಎಂದು. ಅದನ್ನು ಓದಿದ ಕ್ಷಣ ತಮ್ಮ ಪ್ರಶ್ನೆಗಳನ್ನು ತಲೆಕೆಳಗು ಮಾಡಬೇಕೆಂದು ಹೊಳೆಯಿತು ಎಂದು ಅವರು ಹೇಳಿದ್ದಾರೆ: ಭೂತಕಾಲವು ವರ್ತಮಾನಕ್ಕೆ ನೆರವಾದೀತೇ, ಸತ್ತವರು ಬದುಕಿರುವವರನ್ನು ಉಳಿಸಿಯಾರೇ?

ಹೀಗೆ ಹುಟ್ಟಿದ 2014ರ ಕಾದಂಬರಿ ಇಂಗ್ಲಿಷಿನಲ್ಲಿ ‘ಮನುಷ್ಯರ ಕೃತ್ಯಗಳು’ ಎಂಬರ್ಥದ ಹೆಸರು ಪಡೆಯಿತು. ಕೊರಿಯನ್ ಹೆಸರು ‘ಸೊನ್ಯೊನಿ ಒಂದಾ’, ಅಂದರೆ ‘ಹುಡುಗ ಬರುತ್ತಾನೆ’. ಬಂದನು ಅಲ್ಲ, ಬರುತ್ತಾನೆ. ಹುಡುಗನ ಹೆಸರು ದೊಂಗ್-ಹೋ, ವಯಸ್ಸು ಹದಿನೈದು. ಗುಂಡಿನ ಗಲಭೆಯಲ್ಲಿ ಗೆಳೆಯ ಜೊಂಗ್-ದೇಯ ಕೈ ಬಿಟ್ಟು ಓಡಿದವನು, ಅವನ ಶವವಾದರೂ ಸಿಗಲೆಂದು ಹೆಣಗಳನ್ನಿಟ್ಟ ವ್ಯಾಯಾಮಶಾಲೆಗೆ ಬಂದು, ಅಲ್ಲೇ ಕೆಲಸಕ್ಕೆ ನಿಲ್ಲುತ್ತಾನೆ. ಯಾವ ಹೆಣ, ಯಾವ ಬಟ್ಟೆ, ಯಾವ ಷೂ ಎಂದು ಪುಸ್ತಕದಲ್ಲಿ ಬರೆದುಕೊಳ್ಳುವುದು, ನಾತ ತಡೆಯಲು ತಲೆಯ ಬಳಿ ಮೊಂಬತ್ತಿ ಹಚ್ಚುವುದು ಅವನ ಕೆಲಸ. ಶವಪೆಟ್ಟಿಗೆಗಳ ಮೇಲೆ ರಾಷ್ಟ್ರಧ್ವಜ ಹೊದಿಸಿ ರಾಷ್ಟ್ರಗೀತೆ ಹಾಡುವುದನ್ನು ನೋಡಿ ಅವನಿಗೆ ಅರ್ಥವಾಗುವುದಿಲ್ಲ. ಕೊಂದದ್ದು ದೇಶದ ಸೈನ್ಯವೇ ಅಲ್ಲವೇ, ಮತ್ತೆ ಈ ಧ್ವಜವೇಕೆ ಎಂದು ಕೇಳುತ್ತಾನೆ. ದೊಡ್ಡವರು ಹೇಳುವ ಉತ್ತರ, ದೇಶವನ್ನು ಸೈನ್ಯದಿಂದ ಬಿಡಿಸಿ ಸತ್ತವರ ಕೈಗೆ ಕೊಡುವ ಉತ್ತರ.

ಈ ಮೊದಲ ಅಧ್ಯಾಯ ಪೂರ್ತಿ ‘ನೀನು’ ಎಂಬ ಸಂಬೋಧನೆಯಲ್ಲಿದೆ: ನೀನು ಮಳೆ ಬರುವುದೇನೋ ಎಂದು ನೋಡುತ್ತೀಯ, ನೀನು ಮೊಂಬತ್ತಿ ಹಚ್ಚುತ್ತೀಯ ಎಂಬ ಧಾಟಿ. ಮೂಲದಲ್ಲಿ ಇರುವುದು ‘ನೊ’ ಎಂಬ ಪದ. ಮಕ್ಕಳಿಗೆ, ಗೆಳೆಯರಿಗೆ, ತೀರಾ ಹತ್ತಿರದವರಿಗೆ ಮಾತ್ರ ಬಳಸುವ ಪದ. ಇಂಗ್ಲಿಷಿನ ಒಂದೇ ಮಧ್ಯಮಪುರುಷದಲ್ಲಿ ಈ ಸಲಿಗೆ ಕರಗಿಹೋಗುತ್ತದೆ. ‘ನೀನು’, ‘ನೀವು’ಗಳ ವ್ಯತ್ಯಾಸವನ್ನು ಮೈಯಲ್ಲೇ ಬಲ್ಲ ನಮಗೆ ಅದು ತಟ್ಟನೆ ತಾಗುತ್ತದೆ. ದೊಂಗ್-ಹೋನನ್ನು ‘ಅವನು’ ಎಂದಿದ್ದರೆ ಅವನು 1980ರಲ್ಲೇ ಉಳಿಯುತ್ತಿದ್ದ. ‘ನೀನು’ ಎನ್ನಬೇಕಾದರೆ ಎದುರಿಗೆ ಒಬ್ಬರು ಇರಬೇಕು. ಕರೆದ ಕೂಡಲೇ ಹುಡುಗ ಮಬ್ಬಿನಿಂದೆದ್ದು ವರ್ತಮಾನದ ಕಡೆಗೆ ನಡೆದು ಬರುತ್ತಾನೆ; ಶೀರ್ಷಿಕೆಯ ವರ್ತಮಾನಕಾಲಕ್ಕೆ ಲೇಖಕಿ ಕೊಟ್ಟ ವಿವರಣೆಯೂ ಇದೇ.

ಎರಡನೆಯ ಅಧ್ಯಾಯದಲ್ಲಿ ‘ನಾನು’ ಎನ್ನುವವನು ಹೆಣವಾಗಿ ಬಿದ್ದಿರುವ ಜೊಂಗ್-ದೇ. ಮುಂದಿನವು ವರ್ಷಗಳನ್ನು ದಾಟುತ್ತವೆ. 1985ರ ಅಧ್ಯಾಯದಲ್ಲಿ ಪ್ರಕಾಶನ ಸಂಸ್ಥೆಯಲ್ಲಿ ಕೆಲಸ ಮಾಡುವ ಉನ್-ಸುಕ್ ವಿಚಾರಣೆಯಲ್ಲಿ ಏಳು ಕೆನ್ನೆಯೇಟು ತಿಂದು, ದಿನಕ್ಕೊಂದರಂತೆ ಏಳು ದಿನದಲ್ಲಿ ಮರೆಯಬೇಕೆಂದು ಲೆಕ್ಕ ಹಾಕುತ್ತಾಳೆ. ಅವಳು ಸಿದ್ಧಪಡಿಸಿದ ನಾಟಕದ ಹಸ್ತಪ್ರತಿ ಸೆನ್ಸಾರ್ ಕಚೇರಿಯಿಂದ ಪುಟಗಟ್ಟಲೆ ಮಸಿ ಬಳಿಸಿಕೊಂಡು ಮರಳುತ್ತದೆ. ನಾಟಕ ಆದರೂ ನಡೆಯುತ್ತದೆ: ನಟರು ತುಟಿಗಳನ್ನಷ್ಟೇ ಆಡಿಸುತ್ತಾರೆ, ದನಿ ಹೊರಡುವುದಿಲ್ಲ. ಹಸ್ತಪ್ರತಿ ಓದಿದ್ದ ಅವಳೊಬ್ಬಳಿಗೆ ಆ ತುಟಿಗಳ ಮಾತು ತಿಳಿಯುತ್ತದೆ. ಅದರ ಮುಂದಿನ ಅಧ್ಯಾಯದಲ್ಲಿ ಚಿತ್ರಹಿಂಸೆಗೆ ಬಳಸುವುದು ಮಕ್ಕಳ ಕಂಪಾಸಿನಲ್ಲೂ ಇರುವಂಥ ಸಾಮಾನ್ಯ ಬಾಲ್‌ಪಾಯಿಂಟ್ ಪೆನ್ನು. ಬೆರಳುಗಳ ನಡುವೆ ಹೆಣೆದು, ಮೂಳೆ ಕಾಣುವವರೆಗೆ ತಿರುಚುತ್ತಾರೆ. ಕೊನೆಗೆ 2010ರಲ್ಲಿ ದೊಂಗ್-ಹೋನ ಮುದಿ ತಾಯಿ ಮಾತಾಡುತ್ತಾಳೆ. ಆ ಪುಟಗಳನ್ನು ಸಾರ್ವಜನಿಕ ಜಾಗದಲ್ಲಿ ಕೂತು ಓದಬೇಡಿ ಎಂದಷ್ಟೇ ಹೇಳಬಲ್ಲೆ.

ಈ ಪುಸ್ತಕದ ನಂತರ, ಪಾರ್ಕ್ ಗುನ್-ಹೇ ಅವರ ಸರ್ಕಾರ ಒಳಗೊಳಗೇ ಇಟ್ಟುಕೊಂಡಿದ್ದ ಲೇಖಕರ, ಕಲಾವಿದರ ಕಪ್ಪುಪಟ್ಟಿಯಲ್ಲಿ ಹಾನ್ ಕಾಂಗ್ ಹೆಸರೂ ಇತ್ತು. ಗುನ್-ಹೇ, ಗುಂಡಿಗೆ ಬಲಿಯಾದ ಆ ಪಾರ್ಕ್ ಚುಂಗ್-ಹೀ ಅವರ ಮಗಳು. ಇತಿಹಾಸ ಇನ್ನೂ ಹತ್ತಿರ ಬರುವುದಿತ್ತು. 2024ರ ಡಿಸೆಂಬರ್ 3ರ ರಾತ್ರಿ, ನೊಬೆಲ್ ಪಡೆಯಲು ಅವರು ಹೊರಟಿದ್ದ ವಾರದಲ್ಲೇ, ಅಧ್ಯಕ್ಷ ಯೂನ್ ಸುಕ್-ಯೊಲ್ ಟಿವಿಯಲ್ಲಿ ಕಾಣಿಸಿಕೊಂಡು ಸೇನಾಡಳಿತ ಘೋಷಿಸಿದರು. ಜನ ಸಂಸತ್ತಿನ ಮುಂದೆ ಸೇರಿದರು. ಸದಸ್ಯರು ಗೋಡೆ ಹತ್ತಿ ಒಳಹೋಗಿ ಅದನ್ನು ರದ್ದುಗೊಳಿಸುವ ನಿರ್ಣಯಕ್ಕೆ ಮತ ಹಾಕಿದರು. ಬೆಳಗಾಗುವಷ್ಟರಲ್ಲಿ ಆದೇಶ ಹಿಂದೆ ಸರಿಯಿತು. 1980ರ ಸೇನಾಡಳಿತವನ್ನು ಅಧ್ಯಯನ ಮಾಡಿ ಕಾದಂಬರಿ ಬರೆದ ತಾವು, ಅದು ಮತ್ತೆ ಕಣ್ಣೆದುರು ನಡೆದದ್ದನ್ನು ಕಂಡು ಬೆಚ್ಚಿದೆ ಎಂದು ಅವರು ಸ್ಟಾಕ್‌ಹೋಮ್‌ನಲ್ಲಿ ಪತ್ರಕರ್ತರಿಗೆ ಹೇಳಿದರು. ಮರುದಿನದ ನೊಬೆಲ್ ಉಪನ್ಯಾಸದಲ್ಲಿ ಆ ತಲೆಕೆಳಗಾದ ಪ್ರಶ್ನೆಗಳು ಬಂದವು. ಅದೇ ತಿಂಗಳ 14ರಂದು ಯೂನ್ ಅವರ ಮೇಲಿನ ವಾಗ್ದಂಡನೆಯ ಮತದಾನಕ್ಕೆ ಮೊದಲು ವಿರೋಧ ಪಕ್ಷದ ನಾಯಕರು ಸಂಸತ್ತಿನಲ್ಲಿ ಉದ್ಧರಿಸಿದ್ದು ಅವನ್ನೇ. ದಿನಚರಿಯ ಮೊದಲ ಪುಟಕ್ಕೆಂದು ಬರೆದುಕೊಂಡ ಪ್ರಶ್ನೆ ಅಷ್ಟು ದೂರ ಹೋಗುವುದು ಲೇಖಕರಿಗೆ ಅಪರೂಪದ ಅನುಭವವೇ ಇರಬೇಕು. ಪ್ರಶಸ್ತಿ ಘೋಷಣೆಯಾದಾಗ ಅವರು ಪತ್ರಿಕಾಗೋಷ್ಠಿ ಕರೆದಿರಲಿಲ್ಲ. ಯುದ್ಧಗಳಲ್ಲಿ ದಿನವೂ ಹೆಣ ಬೀಳುತ್ತಿರುವಾಗ ಎಂಥ ಸಂಭ್ರಮ ಎಂದು ಮಗಳು ಹೇಳಿದಳೆಂದು ಸುದ್ದಿಗಾರರಿಗೆ ತಿಳಿಸಿದವರು ತಂದೆ.

2016ರ ‘ಬಿಳಿ’ ಎಂಬ ಪುಸ್ತಕ ತೆಳ್ಳಗಿದೆ, ಕಾದಂಬರಿಯೋ ಕವಿತೆಯೋ ಹೇಳುವುದು ಕಷ್ಟ. ಅವರ ತಾಯಿಗೆ ಮೊದಲ ಹೆರಿಗೆ ಅವಧಿಗೆ ಮುಂಚೆ, ಹಳ್ಳಿಯ ಮನೆಯಲ್ಲಿ, ಒಬ್ಬರೇ ಇದ್ದಾಗ ಆಯಿತು. ಸಾಯಬೇಡ, ದಯವಿಟ್ಟು ಸಾಯಬೇಡ ಎಂದು ಆ ಎಳೆಯ ತಾಯಿ ಕೂಸಿಗೆ ಹೇಳುತ್ತಲೇ ಇದ್ದರು. ಎರಡು ಗಂಟೆಗಳಲ್ಲಿ ಅದು ಹೋಯಿತು. ಆ ಅಕ್ಕ ಉಳಿದಿದ್ದರೆ ತಾನು ಹುಟ್ಟುತ್ತಿರಲಿಲ್ಲವೇನೋ ಎಂಬ ಯೋಚನೆಯಿಂದ, ತನ್ನ ಕಣ್ಣುಗಳನ್ನು ಅವಳಿಗೆ ಕಡ ಕೊಟ್ಟು, ಕೂಸಿನ ಬಟ್ಟೆ, ಉಪ್ಪು, ಮಂಜು, ಅಕ್ಕಿ, ಚಂದ್ರ ಮುಂತಾದ ಬಿಳಿ ವಸ್ತುಗಳನ್ನು ಒಂದೊಂದಾಗಿ ತೋರಿಸುತ್ತ ಹೋಗುವುದೇ ಪುಸ್ತಕ. ಕೊರಿಯನ್ನಿನಲ್ಲಿ ಬಿಳಿಗೆ ಎರಡು ಮಾತುಗಳಿವೆ. ‘ಹಾಯಾನ್’ ಎಂದರೆ ಶುಭ್ರವಾದ ಬಿಳುಪು. ‘ಹ್ವಿನ್’ ಎಂದರೆ ಹುಟ್ಟು ಸಾವುಗಳೆರಡರ ನೆರಳೂ ಇರುವ ಬಿಳುಪು. ಪುಸ್ತಕಕ್ಕೆ ಅವರು ಆರಿಸಿದ್ದು ಎರಡನೆಯದನ್ನು. ಸರ್ವನಾಮದ ಆಟ ಇಲ್ಲಿ ಇನ್ನೂ ಮುಂದೆ ಹೋಗಿದೆ: ನಡುವಿನ ಭಾಗದಲ್ಲಿ ‘ಅವಳು’ ಎಂದರೆ ಬದುಕದೇ ಹೋದ ಅಕ್ಕ, ಆದರೆ ನಡೆಯುವ ಕಾಲು ತಂಗಿಯದು.

ಇವೆಲ್ಲ ಬಂದು ಸೇರುವ ಕಾದಂಬರಿ 2021ರದು. ಅದರ ನೆಲ ಕೊರಿಯಾದ ದಕ್ಷಿಣದ ಜೆಜು ದ್ವೀಪ. ಇಂದು ಮಧುಚಂದ್ರಕ್ಕೂ ಕಿತ್ತಳೆಗೂ ಹೆಸರಾದ ಊರು. 1948ರ ಏಪ್ರಿಲ್ 3ರಂದು ಅಲ್ಲಿ ಎದ್ದ ದಂಗೆಯನ್ನು ಅಡಗಿಸುವ ಹೆಸರಿನಲ್ಲಿ, ಕರಾವಳಿಯಿಂದ ಐದು ಕಿಲೋಮೀಟರಿಗಿಂತ ಒಳಗಿರುವವರನ್ನೆಲ್ಲ ಶತ್ರುಗಳೆಂದು ಪರಿಗಣಿಸುವ ಆಜ್ಞೆ ಹೊರಟಿತು. ಹಳ್ಳಿಗಳಿಗೆ ಬೆಂಕಿ ಬಿತ್ತು. ಸತ್ತವರು 25,000ದಿಂದ 30,000 ಎಂಬುದು ಅಂದಾಜು, ಅಂದರೆ ದ್ವೀಪದ ಹತ್ತರಲ್ಲೊಬ್ಬರು. ಕಮ್ಯುನಿಸ್ಟ್ ಎಂಬ ಹಣೆಪಟ್ಟಿಯ ಭಯಕ್ಕೆ ದಶಕಗಳ ಕಾಲ ಯಾರೂ ಬಾಯಿಬಿಡಲಿಲ್ಲ. ದೇಶದ ಅಧ್ಯಕ್ಷರೊಬ್ಬರು ಕ್ಷಮೆ ಕೇಳಿದ್ದು 2003ರಲ್ಲಿ.

ಕಾದಂಬರಿ ಶುರುವಾಗುವುದು ಇಲ್ಲಿಂದಲ್ಲ, ಒಂದು ಕನಸಿನಿಂದ; ಕಥೆ ಚಲಿಸತೊಡಗುವುದು ಸೋಲ್‌ನ ಒಂದು ಆಸ್ಪತ್ರೆಯಿಂದ. ಸಾಕ್ಷ್ಯಚಿತ್ರಗಳನ್ನು ಬಿಟ್ಟು ಜೆಜುವಿನಲ್ಲಿ ಬಡಗಿ ಕೆಲಸ ಮಾಡುವ ಇನ್-ಸೊನ್ ಎಂಬಾಕೆಯ ಬೆರಳುಗಳ ತುದಿ ಗರಗಸಕ್ಕೆ ಸಿಕ್ಕಿ ಕತ್ತರಿಸಿಹೋಗಿವೆ, ವೈದ್ಯರು ಹೊಲಿದಿದ್ದಾರೆ. ಹೊಲಿದ ಜಾಗಕ್ಕೆ ಮೂರು ಮೂರು ನಿಮಿಷಕ್ಕೊಮ್ಮೆ, ಹಗಲೂ ರಾತ್ರಿಯೂ, ಸೂಜಿ ಚುಚ್ಚಬೇಕು. ರಕ್ತ ಒಸರುತ್ತಿರಬೇಕು, ನೋವು ತಿಳಿಯುತ್ತಿರಬೇಕು. ಇಲ್ಲದಿದ್ದರೆ ನರ ಸತ್ತು ಬೆರಳು ಕೊಳೆಯುತ್ತದೆ. ಚುಚ್ಚುವುದನ್ನು ನಿಲ್ಲಿಸಿ ಬೆರಳನ್ನು ಬಿಟ್ಟುಕೊಟ್ಟರೆ? ಆಗ ಇಲ್ಲದ ಬೆರಳಿನ ನೋವು ಬದುಕಿನುದ್ದಕ್ಕೂ ಉಳಿಯುತ್ತದೆ. ಮರೆವು, ನೆನಪು ಎಂಬ ಪದಗಳನ್ನು ಬಳಸದೆ ಒಂದು ದ್ವೀಪದ ಎಪ್ಪತ್ತು ವರ್ಷಗಳನ್ನು ಮೂರು ನಿಮಿಷದ ಸೂಜಿಯಲ್ಲಿ ಹೇಳಿಬಿಟ್ಟಿದ್ದಾರೆ. ಗೆಳತಿ ಕ್ಯೊಂಗ್-ಹಾ, ಹತ್ಯಾಕಾಂಡದ ಬಗ್ಗೆ ಪುಸ್ತಕ ಬರೆದು ದುಃಸ್ವಪ್ನಗಳಲ್ಲಿ ಸಿಕ್ಕಿಕೊಂಡ ಲೇಖಕಿ, ಇನ್-ಸೊನ್‌ಳ ಸಾಕು ಗಿಳಿಗೆ ನೀರು ಹಾಕಲು ಹಿಮಗಾಳಿಯಲ್ಲಿ ದ್ವೀಪಕ್ಕೆ ಹೊರಡುತ್ತಾಳೆ. ಒಂದು ಪುಟ್ಟ ಹಕ್ಕಿಯ ಜೀವ ಉಳಿಸಲು ಇಷ್ಟೆಲ್ಲ ಪಾಡೇ ಎಂದು ಓದುಗರಿಗೆ ಅನ್ನಿಸುವ ಹೊತ್ತಿಗೆ ಇನ್-ಸೊನ್‌ಳ ತಾಯಿಯ ಕಥೆ ತೆರೆದುಕೊಳ್ಳುತ್ತದೆ. ಬಾಲಕಿಯಾಗಿದ್ದಾಗ ಆಕೆ ಅಕ್ಕನೊಂದಿಗೆ ಶಾಲೆಯ ಬಯಲಿನಲ್ಲಿ ಬಿದ್ದಿದ್ದ ಹೆಣಗಳ ನಡುವೆ ಮನೆಯವರನ್ನು ಹುಡುಕಿದ್ದಳು. ಮುಖಗಳ ಮೇಲೆ ಹಿಮ ಕೂತಿತ್ತು. ಒರೆಸಿ ಒರೆಸಿ ನೋಡಬೇಕಾಯಿತು. ಬದುಕಿರುವವರ ಕೆನ್ನೆಯ ಮೇಲಾದರೆ ಹಿಮ ಕರಗುತ್ತದೆ.

ಈ ಕಾದಂಬರಿಯ ಹೆಸರು ‘ಜಾಕ್‌ಬ್ಯೊಲ್‌ಹಾಜಿ ಆನ್ನುಂದಾ’. ಇದರಲ್ಲಿ ಕರ್ತೃಪದವಿಲ್ಲ, ಬೀಳ್ಕೊಡದಿರುವುದು, ಅಗಲದಿರುವುದು ಎರಡೂ ಅರ್ಥವಾಗುವ ಒಂದು ಕ್ರಿಯಾಪದ ಮಾತ್ರ ಇದೆ. ಇಂಗ್ಲಿಷಿನವರಿಗೆ ಕರ್ತೃವಿಲ್ಲದೆ ಆಗದು, ‘ನಾವು’ ಎಂಬುದನ್ನು ಸೇರಿಸಿ ‘ನಾವು ಅಗಲುವುದಿಲ್ಲ’ ಎಂದರು. 2023ರಲ್ಲಿ ಮೆಡಿಸಿ ಪ್ರಶಸ್ತಿ ಪಡೆದ ಫ್ರೆಂಚ್ ಅನುವಾದ ಕ್ರಿಯಾಪದವನ್ನೇ ಬಿಟ್ಟು ‘ಅಸಾಧ್ಯ ವಿದಾಯಗಳು’ ಎಂದಿತು. ಕನ್ನಡದ ನಿಷೇಧರೂಪಕ್ಕೆ ಈ ತೊಡಕಿಲ್ಲ. ಹೇಳುತ್ತೇನೆ, ಹೇಳುತ್ತೀಯ, ಹೇಳುತ್ತಾಳೆ ಎಂದು ಒಬ್ಬೊಬ್ಬರಿಗೆ ಒಂದೊಂದಾಗಿ ಬದಲಾಗುವ ನಮ್ಮ ಕ್ರಿಯಾಪದ, ಇಲ್ಲವೆನ್ನುವಾಗ ಎಲ್ಲರಿಗೂ ಒಂದೇ ಆಗಿಬಿಡುತ್ತದೆ. ಹಾಸಿಗೆಯಲ್ಲಿ ಸೂಜಿಗೆ ಕೈಯೊಡ್ಡಿದವಳು, ಹಿಮದಲ್ಲಿ ನಡೆದು ಹೋದವಳು, ತಮ್ಮವರ ಮೂಳೆಗಾಗಿ ಜೀವಮಾನವಿಡೀ ಹುಡುಕಿದ ತಾಯಿ, ಹುಡುಕಿಸಿಕೊಂಡವರು, ಇವರಲ್ಲಿ ಯಾರೆಂದು ಆರಿಸದೆಯೇ ಕನ್ನಡದಲ್ಲಿ ಹೇಳಬಹುದು: ವಿದಾಯ ಹೇಳುವುದಿಲ್ಲ.